ಮಾವಿನ ರಸ ಕರಗದೆ ಊರು ಸೇರಲು: ಬ್ಯಾಟರಿ ಫ್ರೀಜರ್ ಬಳಸುವ ಕ್ರಮ

ಧಾರವಾಡದ ಸುತ್ತಮುತ್ತಲ ಮನೆಗಳಲ್ಲಿ ಮೇ ತಿಂಗಳೆಂದರೆ ಆಪೂಸ್ ಹಣ್ಣಿನ ರಸ ತೆಗೆದು ಕಟ್ಟಿಡುವ ಕಾಲ. ಬೆಂಗಳೂರಿನಲ್ಲೋ ಪುಣೆಯಲ್ಲೋ ಇರುವ ಮಕ್ಕಳಿಗೆ ಆ ರಸವನ್ನು ಗಟ್ಟಿಯಾಗಿಯೇ ತಲುಪಿಸಬೇಕೆಂಬ ಆಸೆಯಿಂದ ಹಲವರು ಈಗ ಬ್ಯಾಟರಿಯಿಂದ ನಡೆಯುವ ಫ್ರೀಜರ್ ಪೆಟ್ಟಿಗೆಯನ್ನು ಕೊಳ್ಳುತ್ತಿದ್ದಾರೆ. ಕಳೆದ ಬೇಸಿಗೆಯಲ್ಲಿ ನಮ್ಮ ಬಂಧುಗಳೊಬ್ಬರು ಆಗಷ್ಟೇ ತೆಗೆದ ಹತ್ತು ಕಿಲೋ ರಸವನ್ನು ಮಧ್ಯಾಹ್ನ ಪೆಟ್ಟಿಗೆಗೆ ತುಂಬಿ, ಕಾರಿನಲ್ಲಿಟ್ಟು, ಗುಂಡಿ ಒತ್ತಿ ಹೊರಟರು. ಬೆಂಗಳೂರು ಮುಟ್ಟಿದಾಗ ರಸ ನೀರಾಗಿಯೇ ಇತ್ತು, ಹುಳಿ ವಾಸನೆಯೂ ಬಂದಿತ್ತು. ಯಂತ್ರದಲ್ಲಿ ಯಾವ ದೋಷವೂ ಇರಲಿಲ್ಲ. ಇದೇ ತಪ್ಪನ್ನು ಅಂಕೋಲಾದಿಂದ ಮೀನು ತರುವವರಲ್ಲಿಯೂ, ಹಳ್ಳಿಯ ಸಮಾರಂಭಕ್ಕೆ ಹುಬ್ಬಳ್ಳಿಯಿಂದ ಐಸ್‌ಕ್ರೀಂ ಒಯ್ಯುವವರಲ್ಲಿಯೂ ಕಂಡಿದ್ದೇನೆ. ಆದ್ದರಿಂದ ಈ ಪೆಟ್ಟಿಗೆ ಕೆಲಸ ಮಾಡುವ ಬಗೆಯನ್ನೂ ಬಳಸಬೇಕಾದ ಕ್ರಮವನ್ನೂ ಇಲ್ಲಿ ವಿವರಿಸುತ್ತಿದ್ದೇನೆ.

ಪೆಟ್ಟಿಗೆಯೊಳಗೆ ನಡೆಯುವುದೇನು?

ಮಣ್ಣಿನ ಹರವಿಯ ಮೈಯಿಂದ ನೀರು ಆವಿಯಾಗುವಾಗ ಒಳಗಿನ ಶಾಖವನ್ನು ಒಯ್ಯುತ್ತದೆ; ನೀರು ತಣ್ಣಗಾಗುತ್ತದೆ. ಫ್ರೀಜರ್ ಕೂಡ ಇದೇ ತತ್ತ್ವವನ್ನು ಮುಚ್ಚಿದ ಕೊಳವೆಯೊಳಗೆ ನಡೆಸುತ್ತದೆ. ಒಳಗೋಡೆಗೆ ಅಂಟಿದ ಕೊಳವೆಯಲ್ಲಿ ತಂಪುಕಾರಕ ದ್ರವವು ಆವಿಯಾಗುತ್ತ ಶಾಖವನ್ನು ಹೀರುತ್ತದೆ. ಸಾಮಾನ್ಯವಾಗಿ ಬಳಸುವ ಆರ್-134ಎ ಎಂಬ ತಂಪುಕಾರಕವು ವಾತಾವರಣದ ಒತ್ತಡದಲ್ಲಿ ಮೈನಸ್ 26 ಡಿಗ್ರಿ ಸೆಲ್ಸಿಯಸ್‌ನಲ್ಲಿಯೇ ಕುದಿಯುತ್ತದೆ. ಆ ಆವಿಯನ್ನು ಕಂಪ್ರೆಸರ್ ಒತ್ತಿ ಬಿಸಿ ಮಾಡುತ್ತದೆ, ಫ್ಯಾನು ಆ ಬಿಸಿಯನ್ನು ಹೊರಗೆ ಊದುತ್ತದೆ, ಆವಿ ಮತ್ತೆ ದ್ರವವಾಗಿ ಒಳಕ್ಕೆ ಹೋಗುತ್ತದೆ. ಮನೆಯ ಫ್ರಿಜ್‌ಗೂ ಇದಕ್ಕೂ ಮುಖ್ಯ ವ್ಯತ್ಯಾಸವೆಂದರೆ, ಇದರ ಕಂಪ್ರೆಸರ್ 12 ಅಥವಾ 24 ವೋಲ್ಟ್ ಡಿ.ಸಿ. ವಿದ್ಯುತ್ತಿನಿಂದ ನೇರವಾಗಿ ತಿರುಗುತ್ತದೆ ಮತ್ತು ಸಾಧಾರಣವಾಗಿ 45ರಿಂದ 60 ವ್ಯಾಟ್‌ನಷ್ಟನ್ನೇ ಬಳಸುತ್ತದೆ.

ಹಂತ 1: ಕೊಳ್ಳುವಾಗ

ಕಂಪ್ರೆಸರ್ ಇದೆಯೇ ಎಂದು ಕೇಳಿ, ಇಲ್ಲವೆಂದಾದರೆ ಕೊಳ್ಳಬೇಡಿ. ಅಗ್ಗದ ಪೆಟ್ಟಿಗೆಗಳು ಪೆಲ್ಟಿಯರ್ ಎಂಬ ವಿದ್ಯುತ್ ಬಿಲ್ಲೆಯಿಂದ ತಂಪು ಮಾಡುತ್ತವೆ. ಅವು ಹೊರಗಿನ ತಾಪಮಾನಕ್ಕಿಂತ 15–20 ಡಿಗ್ರಿಯಷ್ಟೇ ಕೆಳಗಿಳಿಯಬಲ್ಲವು. ಗದಗಿನ ಬಿಸಿಲು 40ರ ಸಮೀಪಕ್ಕೆ ಏರುವ ದಿನ ಅಂಥ ಪೆಟ್ಟಿಗೆಯ ಒಳಗೆ 20 ಡಿಗ್ರಿಯ ಆಸುಪಾಸು ಇರುತ್ತದೆ. ಅದರಲ್ಲಿ ಹಾಲು ಕೂಡ ಉಳಿಯದು. ಜಾಹೀರಾತಿನಲ್ಲಿ ಮಾತ್ರ ಅವನ್ನೂ ಫ್ರೀಜರ್ ಎಂದೇ ಬರೆದಿರುತ್ತಾರೆ.

ಬ್ಯಾಟರಿಯ ವಿಷಯದಲ್ಲಿಯೂ ಎಚ್ಚರ ಬೇಕು. ‘20,000 ಎಂಎಎಚ್’ ಎಂಬುದು ದೊಡ್ಡ ಸಂಖ್ಯೆಯಾಗಿ ಕಂಡರೂ ಅದು 20 ಆಂಪಿಯರ್-ಅವರ್ ಅಷ್ಟೇ; ಅದನ್ನು ಲಿಥಿಯಂ ಸೆಲ್‌ನ 3.7 ವೋಲ್ಟಿಗೆ ಗುಣಿಸಿದರೆ ಬರುವುದು 74 ವ್ಯಾಟ್-ಅವರ್ (ಒಂದು ವ್ಯಾಟ್‌ನಂತೆ ಒಂದು ತಾಸು ಬಳಸುವ ಶಕ್ತಿಯೇ ಒಂದು ವ್ಯಾಟ್-ಅವರ್) ಮಾತ್ರ, ಅಂದರೆ ಕಂಪ್ರೆಸರ್ ಬಿಡದೆ ಓಡಿದರೆ ಎರಡು ತಾಸಿಗೂ ಸಾಲದು. ನಾನು ನೋಡುವುದು ವ್ಯಾಟ್-ಅವರ್ ಲೆಕ್ಕವನ್ನೊಂದೇ. 40 ಲೀಟರ್ ಪೆಟ್ಟಿಗೆಯನ್ನು ಬೇಸಿಗೆಯಲ್ಲಿ ಮೈನಸ್ 18ರಲ್ಲಿ ಇಡಲು ಕಂಪ್ರೆಸರ್ ಅರ್ಧಕ್ಕೂ ಹೆಚ್ಚು ಹೊತ್ತು ಓಡುತ್ತದೆ ಎಂದು ಹಿಡಿದರೆ ದಿನಕ್ಕೆ 600ರಿಂದ 900 ವ್ಯಾಟ್-ಅವರ್ ಬೇಕು. 12.8 ವೋಲ್ಟ್, 100 ಆಂಪಿಯರ್-ಅವರ್‌ನ ಲಿಥಿಯಂ ಐರನ್ ಫಾಸ್ಫೇಟ್ ಬ್ಯಾಟರಿಯಲ್ಲಿ 1,280 ವ್ಯಾಟ್-ಅವರ್ ಇರುತ್ತದೆ. ಒಂದು ದಿನದ ಕೆಲಸಕ್ಕೆ ಅದು ಧಾರಾಳವಾಗಿ ಸಾಕು.

ಹಂತ 2: ಹಿಂದಿನ ದಿನದ ತಯಾರಿ

ಎಲ್ಲರೂ ಎಡವುವುದು ಇಲ್ಲಿಯೇ. ಈ ಪೆಟ್ಟಿಗೆ ಇರುವುದು ಇರುವ ತಂಪನ್ನು ಕಾಯುವುದಕ್ಕೆ. ಬಿಸಿಯಾದುದನ್ನು ದಾರಿಯಲ್ಲಿ ಗಟ್ಟಿ ಮಾಡುವ ಶಕ್ತಿ ಅದಕ್ಕಿಲ್ಲ.

ಲೆಕ್ಕ ನೋಡೋಣ. 30 ಡಿಗ್ರಿಯ ಒಂದು ಕಿಲೋ ನೀರನ್ನು ಸೊನ್ನೆಗೆ ಇಳಿಸಲು ಸುಮಾರು 125 ಕಿಲೋಜೂಲ್ ಶಾಖವನ್ನು ಹೊರತೆಗೆಯಬೇಕು. ಸೊನ್ನೆಯಲ್ಲಿರುವ ಅದೇ ನೀರು ಮಂಜುಗಡ್ಡೆಯಾಗಲು ಇನ್ನೂ 334 ಕಿಲೋಜೂಲ್ ಹೋಗಬೇಕು. ಈ ಹೊತ್ತಿನಲ್ಲಿ ತಾಪಮಾನ ಒಂದು ಡಿಗ್ರಿಯೂ ಇಳಿಯದು. ಆಮೇಲೆ ಮೈನಸ್ 18ಕ್ಕೆ ಇಳಿಯಲು ಮತ್ತೆ 38. ಎಲ್ಲ ಕೂಡಿ ಸುಮಾರು 500 ಕಿಲೋಜೂಲ್, ಅಂದರೆ 138 ವ್ಯಾಟ್-ಅವರ್. ಮಾವಿನ ರಸದಲ್ಲಿಯೂ ಮೀನಿನಲ್ಲಿಯೂ ನೀರಿನ ಪಾಲೇ ಹೆಚ್ಚಾಗಿರುವುದರಿಂದ ಹತ್ತು ಕಿಲೋ ರಸಕ್ಕೆ ಸಾವಿರಕ್ಕೂ ಹೆಚ್ಚು ವ್ಯಾಟ್-ಅವರ್ ಶಾಖ ಹೊರಹೋಗಬೇಕು. ಮೈನಸ್ 18ರ ಸಮೀಪದಲ್ಲಿ ಈ ಪುಟ್ಟ ಕಂಪ್ರೆಸರ್ ತಾನು ಬಳಸುವ ವಿದ್ಯುತ್ತಿಗೆ ಹೆಚ್ಚುಕಡಿಮೆ ಸಮನಾದಷ್ಟೇ ಶಾಖವನ್ನು ಎಳೆಯುತ್ತದೆ. ಗೋಡೆಯ ಮೂಲಕ ಒಳನುಗ್ಗುವ ಬಿಸಿಯನ್ನೂ ಸೇರಿಸಿದರೆ ಅದು ಒಂದು ಹಗಲು-ರಾತ್ರಿಯ ದುಡಿಮೆ. ಧಾರವಾಡದಿಂದ ಬೆಂಗಳೂರಿನ ಏಳೆಂಟು ತಾಸಿನ ದಾರಿಯಲ್ಲಿ ಅದು ಮುಗಿಯುವಂತಿಲ್ಲ.

ಆದ್ದರಿಂದ ರಸವನ್ನು ಎರಡು ದಿನ ಮುಂಚೆಯೇ ಮನೆಯ ಫ್ರೀಜರ್‌ನಲ್ಲಿ ಗಟ್ಟಿ ಮಾಡಿಕೊಳ್ಳಬೇಕು. ಡಬ್ಬಿಯಲ್ಲಿ ತುಂಬಬೇಡಿ. ಅರ್ಧ ಕಿಲೋ ರಸವನ್ನು ಗಟ್ಟಿ ಪ್ಲಾಸ್ಟಿಕ್ ಚೀಲಕ್ಕೆ ಹಾಕಿ, ಗಾಳಿ ಹೊರಡಿಸಿ, ಪರಾತದ ಮೇಲೆ ಒಂದು ಬೆರಳು ದಪ್ಪಕ್ಕೆ ಚಪ್ಪಟೆಯಾಗಿ ಹರಡಿ ಇಡಿ. ದಪ್ಪ ಅರ್ಧವಾದರೆ ಗಟ್ಟಿಯಾಗುವ ಸಮಯ ಅರ್ಧಕ್ಕಿಂತಲೂ ಕಡಿಮೆಯಾಗುತ್ತದೆ. ಚಪ್ಪಟೆ ಚೀಲಗಳು ಪುಸ್ತಕಗಳಂತೆ ಒತ್ತಾಗಿಯೂ ಕೂರುತ್ತವೆ.

ಹಿಂದಿನ ರಾತ್ರಿ ಖಾಲಿ ಪೆಟ್ಟಿಗೆಯನ್ನು ಮನೆಯ ಕರೆಂಟಿಗೆ ಜೋಡಿಸಿ ಮೈನಸ್ 18ಕ್ಕೆ ಇಟ್ಟು, ಬೆಳಗಿನವರೆಗೆ ಓಡಿಸಬೇಕು. ಪರದೆಯ ಮೇಲೆ ಮೈನಸ್ 18 ಬಂದ ಕ್ಷಣಕ್ಕೆ ತೃಪ್ತರಾಗಬೇಡಿ. ಅದು ಸೆನ್ಸರ್ ಇರುವ ಜಾಗದ ತಾಪಮಾನವೇ ಹೊರತು ದಪ್ಪ ಗೋಡೆಯೊಳಗಿನ ಫೋಮ್ ಇನ್ನೂ ಬೆಚ್ಚಗಿರುತ್ತದೆ. ಚೀಲಗಳನ್ನು ಹೊರಡುವ ಮುನ್ನ, ಬೆಳಗಿನ ತಂಪಿನಲ್ಲಿ, ಒಮ್ಮೆಗೇ ತುಂಬಿ. ಉಳಿದ ಖಾಲಿ ಜಾಗದಲ್ಲಿ ಮುಕ್ಕಾಲು ಭಾಗ ನೀರು ತುಂಬಿ ಗಡ್ಡೆ ಕಟ್ಟಿಸಿದ ಬಾಟಲಿಗಳನ್ನು ಇಡಿ. ಬ್ಯಾಟರಿ ಮುಗಿದರೆ, ಒಂದು ಲೀಟರ್ ನೀರಿನ ಗಡ್ಡೆ ಕರಗುವಾಗ 90 ವ್ಯಾಟ್-ಅವರ್‌ಗೂ ಹೆಚ್ಚು ಶಾಖವನ್ನು ನುಂಗುತ್ತದೆ. ಕೆಲವರು ಪೇಢೆಯನ್ನೂ ಇದರೊಳಗೆ ಇಡುತ್ತಾರೆ, ಅದು ಬೇಡ. ಹೊರತೆಗೆದಾಗ ಪೇಢೆಯ ಮೇಲೆ ನೀರು ಕಟ್ಟಿ ರುಚಿ ಕೆಡುತ್ತದೆ.

ಹಂತ 3: ಕಾರಿನಲ್ಲಿ ಜೋಡಿಸುವುದು

ಫ್ಯಾನು ಇರುವ ಬದಿಯಲ್ಲಿ ಒಂದು ಗೇಣು ಜಾಗ ಬಿಡಿ. ಅದಕ್ಕೆ ಬ್ಯಾಗು ಒತ್ತಿದರೆ ಹೊರಬಂದ ಬಿಸಿಗಾಳಿಯೇ ಮತ್ತೆ ಒಳಹೋಗುತ್ತದೆ.

ತಂತಿಯ ಬಗೆಗೆ ತುಸು ವಿವರವಾಗಿ ಹೇಳಬೇಕು. ಡಿಕ್ಕಿಯವರೆಗೆ ಐದು ಮೀಟರ್ ತಂತಿ ಎಂದರೆ ಹೋಗಿ ಬರುವ ದಾರಿ ಹತ್ತು ಮೀಟರ್. 0.75 ಚದರ ಮಿ.ಮೀ.ನ ತೆಳು ತಂತಿಯಲ್ಲಿ 5 ಆಂಪಿಯರ್ ಹರಿದರೆ ದಾರಿಯಲ್ಲಿಯೇ ಸುಮಾರು 1.2 ವೋಲ್ಟ್ ನಷ್ಟವಾಗುತ್ತದೆ, 2.5 ಚದರ ಮಿ.ಮೀ. ತಂತಿಯಲ್ಲಿ ನಷ್ಟ 0.35 ವೋಲ್ಟ್ ಮಾತ್ರ. ತೆಳು ತಂತಿ ಹಾಕಿದಾಗ ಬ್ಯಾಟರಿ ತುಂಬಿದ್ದರೂ ಫ್ರೀಜರ್ ಅದನ್ನು ಖಾಲಿ ಎಂದು ತಿಳಿದು ನಿಲ್ಲುತ್ತದೆ. ನಿಂತೊಡನೆ ವೋಲ್ಟೇಜ್ ಏರುತ್ತದೆ, ಮತ್ತೆ ಚಾಲೂ ಆಗುತ್ತದೆ, ಮತ್ತೆ ನಿಲ್ಲುತ್ತದೆ. ಜನ ಇದನ್ನು ಯಂತ್ರದ ದೋಷವೆಂದು ಭಾವಿಸಿ ರಿಪೇರಿಗೆ ಒಯ್ಯುತ್ತಾರೆ. ಬ್ಯಾಟರಿಯಿಂದ ಫ್ಯೂಸ್ ಹಾಕಿಸಿ ದಪ್ಪ ತಾಮ್ರದ ತಂತಿ ಎಳೆಸಿಕೊಳ್ಳಿ. ಇನ್ವರ್ಟರ್‌ನಿಂದ 230 ವೋಲ್ಟ್ ಮಾಡಿ, ಅದನ್ನು ಅಡಾಪ್ಟರ್‌ನಿಂದ ಮತ್ತೆ 12 ವೋಲ್ಟಿಗೆ ಇಳಿಸುವ ಸುಲಭೋಪಾಯ ಬೇಡ. ಎರಡು ಕಡೆಯೂ ಶಕ್ತಿ ಸೋರಿಹೋಗುತ್ತದೆ.

ಹೆಚ್ಚಿನ ಪೆಟ್ಟಿಗೆಗಳಲ್ಲಿ ಬ್ಯಾಟರಿ ರಕ್ಷಣೆಗೆ ಹೈ, ಮೀಡಿಯಂ, ಲೋ ಎಂಬ ಮೂರು ಮಟ್ಟಗಳಿರುತ್ತವೆ. ಕಾರು ಸ್ಟಾರ್ಟ್ ಮಾಡುವ ಬ್ಯಾಟರಿಗೇ ಜೋಡಿಸಿದ್ದರೆ ‘ಹೈ’ ಇರಲಿ, ಇಲ್ಲವಾದರೆ ಊಟಕ್ಕೆ ನಿಂತ ಜಾಗದಿಂದ ಕಾರು ಹೊರಡದು. ಪ್ರತ್ಯೇಕ ಬ್ಯಾಟರಿ ಇದ್ದರೆ ‘ಲೋ’ ಇಡಬಹುದು.

ಹಂತ 4: ದಾರಿಯಲ್ಲಿ

ಮುಚ್ಚಳ ತೆರೆಯಬೇಡಿ. ಕಾರನ್ನು ನೆರಳಿನಲ್ಲಿ ನಿಲ್ಲಿಸಿ. ಇನ್ಸುಲಿನ್ ಒಯ್ಯಬೇಕಾದವರು ಇದರೊಳಗೆ ಇಡಲೇಬಾರದು. ಅದು 2ರಿಂದ 8 ಡಿಗ್ರಿಯಲ್ಲಿರಬೇಕು, ಒಮ್ಮೆ ಹೆಪ್ಪುಗಟ್ಟಿದರೆ ಎಸೆಯಬೇಕಾಗುತ್ತದೆ.

ಹಂತ 5: ಮರಳಿದ ಮೇಲೆ

ಗೋಡೆಗೆ ಕಟ್ಟಿದ ಹಿಮವನ್ನು ಚಾಕುವಿನಿಂದ ಕೆರೆಯಬೇಡಿ. ಅದರ ಹಿಂದೆಯೇ ತಂಪುಕಾರಕದ ಕೊಳವೆ ಇದೆ, ಅದು ತೂತಾದರೆ ಅನಿಲವೆಲ್ಲ ಸೋರುತ್ತದೆ. ತಾನಾಗಿ ಕರಗಲು ಬಿಟ್ಟು, ಅಡುಗೆ ಸೋಡಾ ಬೆರೆಸಿದ ನೀರಿನಿಂದ ಒರೆಸಿ. ಪೆಟ್ಟಿಗೆಯನ್ನು ಅಡ್ಡ ಮಲಗಿಸಿ ತಂದಿದ್ದರೆ, ಕಂಪ್ರೆಸರ್‌ನ ಎಣ್ಣೆ ಸ್ವಸ್ಥಾನಕ್ಕೆ ಇಳಿಯುವಂತೆ ಕೆಲವು ತಾಸು ನೆಟ್ಟಗೆ ನಿಲ್ಲಿಸಿದ ಮೇಲೆಯೇ ಚಾಲೂ ಮಾಡಿ. ಮುಂದಿನ ಮಾವಿನ ಕಾಲದವರೆಗೆ ಎತ್ತಿಡುವುದಾದರೆ ಲಿಥಿಯಂ ಬ್ಯಾಟರಿಯನ್ನು ಅರ್ಧದಷ್ಟು ಚಾರ್ಜಿನಲ್ಲಿ ತಂಪಾದ ಕೋಣೆಯಲ್ಲಿಡಿ, ಪೆಟ್ಟಿಗೆಯ ಮುಚ್ಚಳದ ಅಂಚಿಗೆ ಮಡಿಸಿದ ಬಟ್ಟೆಯನ್ನು ಸಿಕ್ಕಿಸಿ ಒಳಗೆ ಗಾಳಿಯಾಡುವಂತೆ ಮಾಡಿ.