ಡಚ್ ಚಿತ್ರಕಥೆಗಾರರಾಗಿ ನೆಲೆ ಕಂಡುಕೊಳ್ಳುವ ಬಗೆ

ನೆದರ್‌ಲ್ಯಾಂಡ್ಸ್‌ನಲ್ಲಿ ಚಿತ್ರಕಥೆ ಬರೆದೇ ಬದುಕಬೇಕೆನ್ನುವವರು ಸಿನಿಮಾ ಒಂದನ್ನೇ ನೆಚ್ಚಿಕೊಳ್ಳದೆ ಟೆಲಿವಿಷನ್ನಿನಿಂದ ಆರಂಭಿಸುವುದು ಒಳ್ಳೆಯದು. ಡಚ್ ಭಾಷೆಯ ಮಾರುಕಟ್ಟೆ ಚಿಕ್ಕದಾದ್ದರಿಂದ, ವರ್ಷಕ್ಕೊಂದು ಚಲನಚಿತ್ರದ ಕೆಲಸ ಸಿಗುತ್ತದೆಂಬ ಭರವಸೆ ಯಾರಿಗೂ ಇರುವುದಿಲ್ಲ. ಉದಾಹರಣೆಗೆ, ಡಚ್ ಚಿತ್ರಕಥೆಗಾರ ಗೆರಾರ್ಡ್ ಸೂಟೆಮನ್ ಅವರು 1969ರಲ್ಲಿ ‘ಫ್ಲೋರಿಸ್’ ಎಂಬ ಟೆಲಿವಿಷನ್ ಸರಣಿ ಬರೆದು, ಅಲ್ಲಿ ಜೊತೆಯಾದ ನಿರ್ದೇಶಕ ಪಾಲ್ ವರ್ಹೂವನ್ ಅವರೊಂದಿಗೇ ಮುಂದೆ ಸಿನಿಮಾಕ್ಕೆ ಬಂದರು.

ವ್ಯವಸ್ಥಿತ ತರಬೇತಿ ಬೇಕಿದ್ದರೆ ಆಮ್‌ಸ್ಟರ್‌ಡ್ಯಾಮ್‌ನ ಫಿಲ್ಮ್ ಅಕಾಡೆಮಿಯಲ್ಲಿ ಚಿತ್ರಕಥೆಯ ವ್ಯಾಸಂಗಕ್ಕೆ ಅವಕಾಶವಿದೆ. ಅದಿಲ್ಲದವರಿಗೆ ದೈನಿಕ ಧಾರಾವಾಹಿಯೂ ಪಾಠಶಾಲೆಯೇ. 1990ರಲ್ಲಿ ಆರಂಭವಾದ ‘ಖೂಡೆ ಟೈಡೆನ್, ಸ್ಲೆಖ್ಟೆ ಟೈಡೆನ್’ನಂಥ ಧಾರಾವಾಹಿಗಳಲ್ಲಿ ಕಥೆಯ ಎಳೆ ಹೆಣೆಯುವವರು ಬೇರೆ, ಸಂಭಾಷಣೆ ಬರೆಯುವವರು ಬೇರೆ. ಇನ್ನೊಬ್ಬರು ಹಾಕಿಕೊಟ್ಟ ಚೌಕಟ್ಟಿನೊಳಗೆ ಗಡುವಿಗೆ ಸರಿಯಾಗಿ ಬರೆಯುವುದನ್ನು ಕೀಳಾಗಿ ಕಾಣುವವರಿದ್ದಾರೆ, ಆದರೆ ಆ ಶಿಸ್ತು ಮುಂದೆ ಎಲ್ಲ ಕಡೆಯೂ ಕೈಹಿಡಿಯುತ್ತದೆ.

ಸ್ವಂತ ಕಥೆಯ ವಿಷಯದಲ್ಲಿ ಮಾತ್ರ ಅವಸರ ಸಲ್ಲದು. ಸೂಟೆಮನ್ ಮತ್ತು ವರ್ಹೂವನ್ ಜೊತೆಗೂಡಿ ಬರೆದ, 2006ರಲ್ಲಿ ತೆರೆಕಂಡ ‘ಜ್ವಾರ್ಟ್‌ಬೂಕ್’ ಚಿತ್ರಕಥೆ ಸುಮಾರು ಎರಡು ದಶಕ ಕುದಿಯುತ್ತಲೇ ಇತ್ತು. ನಾಯಕನ ಬದಲು ನಾಯಕಿಯನ್ನು ನಡುವಿಗೆ ತಂದಾಗಲಷ್ಟೇ ಅದರ ಗಂಟು ಸಡಿಲವಾಯಿತು. ಆದ್ದರಿಂದ ಕಥೆ ಎಲ್ಲಿಯಾದರೂ ಸಿಕ್ಕಿಹಾಕಿಕೊಂಡರೆ ಆ ದೃಶ್ಯವನ್ನೇ ತಿದ್ದುತ್ತ ಕೂರುವ ಮೊದಲು, ಈ ಕಥೆ ನಿಜವಾಗಿ ಯಾರದು, ಆ ವ್ಯಕ್ತಿಗೆ ಕಳೆದುಕೊಳ್ಳಲು ಏನಿದೆ ಎಂಬುದನ್ನು ಮತ್ತೊಮ್ಮೆ ಕೇಳಿಕೊಳ್ಳಬೇಕು.

ಹಣದ ದಾರಿಯೂ ತಿಳಿದಿರಬೇಕು. ಚಲನಚಿತ್ರಗಳಿಗೆ ನೆದರ್‌ಲ್ಯಾಂಡ್ಸ್ ಫಿಲ್ಮ್ ಫಂಡ್, ಡಚ್ ಸಾರ್ವಜನಿಕ ಪ್ರಸಾರ ಸಂಸ್ಥೆಯಾದ ಎನ್‌ಪಿಒದ ಟೆಲಿವಿಷನ್ ನಾಟಕಗಳಿಗೆ ಎನ್‌ಪಿಒ ಫಂಡ್ ನೆರವಾಗುತ್ತವೆ. ಚಿತ್ರ ತೆಗೆಯಲು ನೆರವು ಕೇಳುವುದು ಲೇಖಕರಲ್ಲ, ನಿರ್ಮಾಣ ಸಂಸ್ಥೆ. ಹೀಗಾಗಿ ಕಥೆಯನ್ನು ನಂಬುವ ನಿರ್ಮಾಪಕರೊಬ್ಬರನ್ನು ಮೊದಲೇ ಹುಡುಕಿಕೊಳ್ಳಬೇಕು. ಪ್ರತಿ ಶರತ್ಕಾಲದಲ್ಲಿ ಉಟ್ರೆಕ್ಟ್‌ನಲ್ಲಿ ನಡೆಯುವ, ‘ಚಿನ್ನದ ಕರು’ ಪ್ರಶಸ್ತಿ ನೀಡುವ ಚಿತ್ರೋತ್ಸವ ಅಂಥ ಭೇಟಿಗೆ ತಕ್ಕ ಸ್ಥಳ.

ಕರಾರಿಗೆ ಸಹಿ ಹಾಕುವ ಮೊದಲು ಲೇಖಕರ ಸಂಘವಾದ ಆಟರ್ಸ್‌ಬಾಂಡ್‌ನ ಸಲಹೆ ಪಡೆಯುವುದು ಕ್ಷೇಮ. 2015ರ ಜುಲೈ 1ರಂದು ಜಾರಿಗೆ ಬಂದ ಕಾನೂನಿನ ಪ್ರಕಾರ, ತಮ್ಮ ಹಕ್ಕುಗಳನ್ನು ನಿರ್ಮಾಪಕರಿಗೆ ಬಿಟ್ಟುಕೊಟ್ಟ ನಂತರವೂ ಪ್ರಸಾರದಂಥ ಬಳಕೆಗೆ ಪ್ರಮಾಣಾನುಗುಣವಾದ ನ್ಯಾಯಯುತ ಸಂಭಾವನೆ ಪಡೆಯುವ ಹಕ್ಕು ಚಿತ್ರಕಥೆಗಾರರಿಗೆ ಉಳಿದಿರುತ್ತದೆ, ಮತ್ತು ಆ ಹಕ್ಕನ್ನು ಕರಾರಿನ ಮೂಲಕವೂ ಬಿಟ್ಟುಕೊಡುವಂತಿಲ್ಲ. ಆ ಬಗೆಯ ಹಣವನ್ನು ಸಂಗ್ರಹಿಸಿ ಹಂಚುವ ಸಂಸ್ಥೆ ಲಿರಾ. ಮೊದಲ ಕಂತು ಪ್ರಸಾರವಾಗುವ ಮುನ್ನವೇ ಅಲ್ಲಿ ಹೆಸರು ನೋಂದಾಯಿಸಿಕೊಳ್ಳಬೇಕು.