ಆರೂವರೆ ಓವರ್‌ಗೆ ಒಂದು ವಿಕೆಟ್

ನನ್ನ ಎತ್ತರ 5 ಅಡಿ 3 ಇಂಚು. ಮೈಸೂರಿನಲ್ಲಿ ಕಾಲೇಜಿಗೆ ಹೋಗುವಾಗಿನಿಂದ ಲೆಗ್‌ಸ್ಪಿನ್, ಅಂದರೆ ಮಣಿಕಟ್ಟಿನಿಂದ ಚೆಂಡು ತಿರುಗಿಸುವ ಬೌಲಿಂಗ್, ಹಾಕುತ್ತಿದ್ದೇನೆ. ಕೆಲಸಕ್ಕೆಂದು ಇಂಗ್ಲೆಂಡಿನ ಕೆಂಟ್‌ಗೆ, ಮೇಡ್‌ಸ್ಟನ್ ಊರಿಗೆ ಬಂದ ಮೇಲೆ ಭಾನುವಾರ ಆಡುವ ಹಳ್ಳಿ ತಂಡವೊಂದನ್ನು ಸೇರಿಕೊಂಡೆ. ಮೊದಲ ಬೇಸಿಗೆ ಸರಿಹೋಗಲಿಲ್ಲ. ಎರಡು ಓವರ್‌ನಲ್ಲಿ ವಿಕೆಟ್ ಬೀಳದಿದ್ದರೆ ತಾಳ್ಮೆ ಹೋಗಿಬಿಡುತ್ತಿತ್ತು. ಉಲ್ಟಾ ತಿರುಗುವ ಗೂಗ್ಲಿ ಹಾಕುತ್ತಿದ್ದೆ, ಕೆಳಗೆ ಜಾರುವ ಫ್ಲಿಪ್ಪರ್ ಹಾಕುತ್ತಿದ್ದೆ. ಒಂದು ಫುಲ್‌ಟಾಸ್, ಒಂದು ಶಾರ್ಟ್ ಬಾಲ್, ಎರಡು ಬೌಂಡರಿ. ಆಮೇಲೆ ಚೆಂಡು ಇನ್ನೊಬ್ಬರ ಕೈಗೆ.

ಆ ಚಳಿಗಾಲದಲ್ಲಿ ಕೆಂಟ್ ತಂಡದ ಹಳೇ ಲೆಗ್‌ಸ್ಪಿನ್ನರ್ ಟಿಚ್ ಫ್ರೀಮನ್ ಬಗ್ಗೆ ಓದಲು ಕೂತೆ. ಪೂರ್ತಿ ಹೆಸರು ಆಲ್ಫ್ರೆಡ್ ಪರ್ಸಿ ಫ್ರೀಮನ್. ನನಗಿಂತ ಒಂದು ಇಂಚು ಕುಳ್ಳ. 1929ರಲ್ಲಿ ನಮ್ಮ ಮೇಡ್‌ಸ್ಟನ್‌ನಲ್ಲೇ ಲ್ಯಾಂಕಶೈರ್ ತಂಡದ ಒಂದು ಇನಿಂಗ್ಸ್‌ನ ಹತ್ತೂ ವಿಕೆಟ್ ಕಿತ್ತಿದ್ದರು, 131 ರನ್‌ಗೆ. ಆಗ ಅವರಿಗೆ 41 ವರ್ಷ! ಕೆಂಟ್ ಪರ ಆಡಲು ಶುರುಮಾಡಿದ್ದು 1914ರಲ್ಲಿ, 26ನೇ ವಯಸ್ಸಿಗೆ. ತಕ್ಷಣ ಯುದ್ಧ ಬಂದು ನಾಲ್ಕು ವರ್ಷ ಹೋಯಿತು. ಅವರ ನಿಜವಾದ ಸುಗ್ಗಿ ನಲವತ್ತರ ನಂತರ. 1928ರಿಂದ 1935ರವರೆಗೆ ಎಂಟು ವರ್ಷ ಸತತವಾಗಿ, ಪ್ರತಿ ಸೀಸನ್‌ನಲ್ಲೂ 200ಕ್ಕೂ ಜಾಸ್ತಿ ವಿಕೆಟ್.

1928ರಲ್ಲಿ 304. ಒಂದೇ ಸೀಸನ್‌ನಲ್ಲಿ 300 ದಾಟಿದವರು ಇವತ್ತಿಗೂ ಅವರೊಬ್ಬರೇ. ಆದರೆ ನನ್ನನ್ನು ಹಿಡಿದು ನಿಲ್ಲಿಸಿದ್ದು ಪಕ್ಕದಲ್ಲಿದ್ದ ಇನ್ನೊಂದು ಸಂಖ್ಯೆ: ಅದಕ್ಕೆ ಅವರು ಹಾಕಿದ್ದು ಸುಮಾರು 1976 ಓವರ್. ಪೆನ್ನು ತೆಗೆದುಕೊಂಡು ಭಾಗಿಸಿದೆ. ಒಂದು ವಿಕೆಟ್‌ಗೆ 39 ಎಸೆತ. ಅಂದರೆ ಆರೂವರೆ ಓವರ್! ಅಷ್ಟು ದೊಡ್ಡ ಬೌಲರ್, ಅಷ್ಟು ದೊಡ್ಡ ವರ್ಷ, ಆದರೂ ಒಂದು ವಿಕೆಟ್‌ಗೆ 38 ಎಸೆತ ಸುಮ್ನೆ ಹಾಕಬೇಕಿತ್ತು, ಅಲ್ವಾ? ನಾನೋ ಹನ್ನೆರಡಕ್ಕೇ ಕೈಚೆಲ್ಲುತ್ತಿದ್ದೆ.

ನೆಟ್ಸ್‌ನಲ್ಲಿ ಸ್ಟಂಪಿನಿಂದ ನಾಲ್ಕು ಹೆಜ್ಜೆ ಮುಂದೆ ಹಳೇ ಟವೆಲ್ ಹಾಸಿದೆ. 39 ಎಸೆತಕ್ಕೆ ಒಂದು ಸುತ್ತು. ಎಲ್ಲವೂ ಲೆಗ್‌ಬ್ರೇಕ್, ಅಂದರೆ ಲೆಗ್‌ಸ್ಪಿನ್ನರ್‌ನ ಮಾಮೂಲಿ ಎಸೆತ, ಬೇರೇನೂ ಇಲ್ಲ. ಟವೆಲ್ ಮೇಲೆ ಬಿದ್ದದ್ದಕ್ಕೆ ನೋಟ್‌ಬುಕ್‌ನಲ್ಲಿ ಒಂದು ಗೀಟು. ಮೊದಲ ದಿನ 7 ಗೀಟು. ಉಂಗುರ ಬೆರಳಿನ ಪಕ್ಕ ಚೆಂಡಿನ ಹೊಲಿಗೆಗೆ ಉಜ್ಜಿ ಉಜ್ಜಿ ಕೆಂಪಾಯಿತು, ಸಿಪ್ಪೆ ಎದ್ದಿತು, ಕೊನೆಗೆ ಜಡ್ಡುಗಟ್ಟಿತು. ಮಾರ್ಚ್ ಹೊತ್ತಿಗೆ 22 ಗೀಟು. ಆಮೇಲೆ ಮಾತ್ರ ಪಕ್ಕಕ್ಕೆ ತಿರುಗದೆ ನೇರ ಹೋಗುವ ಟಾಪ್‌ಸ್ಪಿನ್ ಸೇರಿಸಿದೆ, ಒಂದು ಸುತ್ತಿನಲ್ಲಿ ಎರಡೇ.

ವಿಕೆಟ್‌ಕೀಪರ್‌ನನ್ನೂ ಕರೆದೆ. ಫ್ರೀಮನ್ ಬೌಲಿಂಗ್‌ಗೆ ಸ್ಟಂಪ್ ಹಿಂದೆ ಕೆಂಟ್‌ನ ಕೀಪರ್ ಲೆಸ್ ಏಮ್ಸ್ ಇದ್ದರು. 1932ರ ಒಂದೇ ಸೀಸನ್‌ನಲ್ಲಿ ಏಮ್ಸ್ ಮಾಡಿದ ಸ್ಟಂಪಿಂಗ್ 64. ಚೆಂಡು ಗಾಳಿಯಲ್ಲಿ ನಿಧಾನವಾಗಿ ಇಳಿಯುವಾಗ ಬ್ಯಾಟ್ಸ್‌ಮನ್ ಮುಂದೆ ಬರುತ್ತಾನೆ, ಕೀಪರ್ ಸ್ಟಂಪ್ ಪಕ್ಕದಲ್ಲೇ ಇರಬೇಕು. ನಮ್ಮ ಕೀಪರ್ ಹಿಂದೆ ನಿಲ್ಲುತ್ತಿದ್ದ. ಹತ್ತಿರ ಬಾ ಅಂತ ಕೇಳಿಕೊಂಡೆ.

ಒಂದು ವಿಷಯ ಈಗಲೂ ಹೊಟ್ಟೆ ಉರಿಸುತ್ತದೆ. ಫ್ರೀಮನ್ ಆಡಿದ್ದು ಬರೀ 12 ಟೆಸ್ಟ್, ತೆಗೆದದ್ದು 66 ವಿಕೆಟ್. 1929ರ ನಂತರ ಇಂಗ್ಲೆಂಡ್ ತಂಡಕ್ಕೆ ಕರೆಯಲೇ ಇಲ್ಲ. 1933ರಲ್ಲಿ 298 ವಿಕೆಟ್ ತೆಗೆದಾಗಲೂ ಇಲ್ಲ. 1936ರಲ್ಲಿ ಆಟ ನಿಲ್ಲಿಸಿದಾಗ ಪ್ರಥಮ ದರ್ಜೆ ಕ್ರಿಕೆಟ್‌ನಲ್ಲಿ ಒಟ್ಟು 3776 ವಿಕೆಟ್. ಅವರಿಗಿಂತ ಜಾಸ್ತಿ ಇರುವುದು ಇಂಗ್ಲೆಂಡಿನ ಇನ್ನೊಬ್ಬ ಬೌಲರ್ ವಿಲ್ಫ್ರೆಡ್ ರೋಡ್ಸ್ ಒಬ್ಬರಿಗೆ ಮಾತ್ರ.

ಮೇ ತಿಂಗಳ ಮೊದಲ ಪಂದ್ಯದಲ್ಲಿ ನಾಲ್ಕು ಓವರ್ ವಿಕೆಟ್ ಇಲ್ಲ. ಕೈ ಗೂಗ್ಲಿಗೆ ತುಡಿಯಿತು, ಬಿಡಲಿಲ್ಲ. ಐದನೇ ಓವರ್‌ನಲ್ಲಿ ಬ್ಯಾಟ್ಸ್‌ಮನ್ ಎರಡು ಹೆಜ್ಜೆ ಮುಂದೆ ಬಂದ. ಚೆಂಡು ಬ್ಯಾಟಿನ ಹೊರಗೆ ತಿರುಗಿತು. ಬೇಲ್ಸ್ ಹಾರುವ ಸದ್ದು ಕೇಳಿದ ಮೇಲೇ ನನಗೆ ಗೊತ್ತಾಗಿದ್ದು. ಆ ದಿನ ಒಂದೇ ತುದಿಯಿಂದ 11 ಓವರ್ ಹಾಕಿದೆ.