ಪಾಸ್‌ಪೋರ್ಟ್ ಎಲ್ಲಿಗೆ ಬಂತು? ಫೈಲ್ ಈಗ ಯಾರ ಟೇಬಲ್ ಮೇಲಿದೆ ಅಂತ ತಿಳ್ಕೊಳ್ಳೋದು ಹೀಗೆ

ಅಪಾಯಿಂಟ್‌ಮೆಂಟ್ ತಗೊಂಡು, ಕ್ಯೂ ನಿಂತು, ಬೆರಳಚ್ಚು ಫೋಟೋ ಎಲ್ಲಾ ಕೊಟ್ಟು ಮನೆಗೆ ಬಂದ್ಮೇಲೆ ನೋಡಿ ಅಸಲಿ ಟೆನ್ಷನ್ ಶುರುವಾಗೋದು. ನಮ್ಮ ದೊಡ್ಡಮ್ಮ ಮಗಳ ಬಾಣಂತನಕ್ಕೆ ಅಮೆರಿಕಕ್ಕೆ ಹೋಗ್ಬೇಕಿತ್ತು, ಪಾಸ್‌ಪೋರ್ಟ್ ಬಂದ್ಮೇಲೇ ವೀಸಾ, ವೀಸಾ ಆದ್ಮೇಲೇ ಟಿಕೆಟ್ಟು, ಮಗು ಮಾತ್ರ ಇದ್ಯಾವುದಕ್ಕೂ ಕಾಯಲ್ಲ. ದಿನಾ ಬೆಳಗ್ಗೆ ಕಾಫಿ ಜೊತೆ ಫೋನು, "ಏನಾಯ್ತೋ ನೋಡೋ". ಆ ಒಂದು ತಿಂಗಳಲ್ಲಿ ನಾನು ಕಲ್ತಿದ್ದು ಇಷ್ಟೇ: ಫೈಲ್ ಯಾವಾಗ್ಲೂ ಮೂರು ಜಾಗದಲ್ಲಿ ಒಂದು ಕಡೆ ಇರುತ್ತೆ, ಪಾಸ್‌ಪೋರ್ಟ್ ಆಫೀಸು, ಪೊಲೀಸು, ಇಲ್ಲಾ ಅಂಚೆ. ಎಲ್ಲಿದೆ ಅಂತ ಗೊತ್ತಾದ್ರೆ ಅಲ್ಲೇ ಹೋಗಿ ಕೇಳ್ಬಹುದು, ಇಲ್ಲಾಂದ್ರೆ ಸುಮ್ನೆ ಊರೆಲ್ಲಾ ಸುತ್ತೋದು.

ಮೊದಲ್ನೇ ಎಡವಟ್ಟು ನಂಬರ್‌ದು. ಆನ್‌ಲೈನ್‌ನಲ್ಲಿ ಅರ್ಜಿ ತುಂಬಿದಾಗ ಒಂದು ಎಆರ್‌ಎನ್ (ಅಪ್ಲಿಕೇಷನ್ ರೆಫರೆನ್ಸ್ ನಂಬರ್) ಬರುತ್ತೆ, ಅಪಾಯಿಂಟ್‌ಮೆಂಟ್ ರಸೀದಿ ಮೇಲೆ ಇರೋದು ಅದು. ದೊಡ್ಡಮ್ಮ ಎರಡು ದಿನ ಅದನ್ನೇ ಒತ್ತಿ ಒತ್ತಿ "ಏನೂ ತೋರಿಸ್ತಿಲ್ಲ, ಅರ್ಜಿನೇ ಕಳೆದುಹಾಕಿದಾರೆ" ಅಂತ ತೀರ್ಮಾನ ಮಾಡ್ಬಿಟ್ಟಿದ್ರು. ಸ್ಟೇಟಸ್ ನೋಡೋಕೆ ಬೇಕಾಗಿರೋದು ಫೈಲ್ ನಂಬರ್, 15 ಅಕ್ಷರ-ಅಂಕಿ ಸೇರಿರೋದು. ಸೇವಾ ಕೇಂದ್ರದಲ್ಲಿ ಎ, ಬಿ, ಸಿ ಮೂರೂ ಕೌಂಟರ್ ಮುಗಿಸಿ ಹೊರಗೆ ಬರುವಾಗ ಒಂದು ಅಕ್ನಾಲೆಜ್‌ಮೆಂಟ್ ಲೆಟರ್ ಕೊಡ್ತಾರಲ್ಲ, ಅದರ ಮೇಲಿರುತ್ತೆ. ಆ ಹಾಳೆ ಮಡಚಿ ಬ್ಯಾಗಿಗೆ ತುರುಕೋ ಮೊದ್ಲು ಮೊಬೈಲಲ್ಲಿ ಒಂದು ಫೋಟೋ ತೆಕ್ಕೊಂಡುಬಿಡಿ.

ಆಮೇಲೆ ಪಾಸ್‌ಪೋರ್ಟ್‌ಇಂಡಿಯಾ ಡಾಟ್ ಗವ್ ಡಾಟ್ ಇನ್ ಸೈಟಿಗೆ ಹೋಗಿ. 'ಗವ್ ಡಾಟ್ ಇನ್' ಇದೆಯಾ ನೋಡ್ಕೊಳ್ಳಿ, ಯಾಕಂದ್ರೆ ಅದೇ ಥರ ಕಾಣೋ ನಕಲಿ ಸೈಟ್‌ಗಳು ದುಡ್ಡು ಕೀಳೋಕೆ ಅಂತಲೇ ಕೂತಿವೆ. ಅಲ್ಲಿ 'ಟ್ರ್ಯಾಕ್ ಅಪ್ಲಿಕೇಷನ್ ಸ್ಟೇಟಸ್' ಒತ್ತಿ ಫೈಲ್ ನಂಬರ್, ಹುಟ್ಟಿದ ತಾರೀಖು ಹಾಕಿದ್ರೆ ಆಯ್ತು, ಲಾಗಿನ್ ಬೇಡ. ಎಂಪಾಸ್‌ಪೋರ್ಟ್ ಸೇವಾ ಆಪ್‌ನಲ್ಲೂ ಇದೇ ಕೆಲಸ ಆಗುತ್ತೆ. ಇಂಟರ್ನೆಟ್ ಸಹವಾಸ ಬೇಡ ಅನ್ನೋರಿಗೆ 1800-258-1800 ಟೋಲ್ ಫ್ರೀ ಇದೆ.

ಈಗ ಅಲ್ಲಿ ಬರೋ ಇಂಗ್ಲಿಷ್ ವಾಕ್ಯಗಳ ಅರ್ಥ.

'ಪೊಲೀಸ್ ವೆರಿಫಿಕೇಷನ್ ಇನಿಷಿಯೇಟೆಡ್' ಅಂದ್ರೆ ಫೈಲ್ ಪೊಲೀಸರ ಕಡೆ ಹೋಗಿದೆ, ಜಿಲ್ಲೆ ಆದ್ರೆ ಎಸ್‌ಪಿ ಆಫೀಸು, ಬೆಂಗಳೂರಂಥ ಸಿಟಿ ಆದ್ರೆ ಕಮಿಷನರ್ ಕಡೆ, ಅಲ್ಲಿಂದ ನಿಮ್ಮ ಏರಿಯಾ ಸ್ಟೇಷನ್ನಿಗೆ. ಲೇಟ್ ಆಗೋದೇ ಜಾಸ್ತಿ ಇಲ್ಲಿ. ಫೋನ್ ಬರುತ್ತೆ ಅಂತ ಕಾಯ್ಕೊಂಡು ಕೂರ್ಬೇಡಿ, ವಾರ ಹತ್ತು ದಿನ ಆದ್ರೂ ಸುದ್ದಿ ಇಲ್ಲ ಅಂದ್ರೆ ಫೈಲ್ ನಂಬರ್ ಹಿಡ್ಕೊಂಡು ಸ್ಟೇಷನ್ನಿಗೇ ಹೋಗಿ ಪಾಸ್‌ಪೋರ್ಟ್ ಕೆಲಸ ಯಾರು ನೋಡ್ಕೋತಾರೆ ಅಂತ ಕೇಳಿ. ಒರಿಜಿನಲ್ ದಾಖಲೆ, ಅದರ ಜೆರಾಕ್ಸು, ಒಂದೆರಡು ಫೋಟೋ ಜೊತೆಗಿರಲಿ, ಪಕ್ಕದ ಮನೆಯವ್ರಿಗೂ ಹೇಳಿಟ್ಟಿರಿ, ಕೆಲವು ಕಡೆ ಸಾಕ್ಷಿ ಸಹಿ ಕೇಳ್ತಾರೆ. ದುಡ್ಡಿನ ವಿಷಯ ಅಂದ್ರೆ, ಈ ವೆರಿಫಿಕೇಷನ್ನಿಗೆ ನೀವು ಪೊಲೀಸರಿಗೆ ಕೊಡ್ಬೇಕಾದ ಫೀಸು ಅಂತ ಯಾವುದೂ ಇಲ್ಲ. 21 ದಿನದೊಳಗೆ ವರದಿ ಕಳಿಸಿದ್ರೆ ಒಂದು ಅರ್ಜಿಗೆ 150 ರೂಪಾಯಿ ಲೆಕ್ಕದಲ್ಲಿ ಕೇಂದ್ರ ಸರ್ಕಾರವೇ ಪೊಲೀಸ್ ಇಲಾಖೆಗೆ ಕೊಡುತ್ತೆ, ಇದು ಗೊತ್ತಿದ್ರೆ "ಕಾಫಿಗೆ ಏನಾದ್ರೂ" ಅನ್ನೋ ಮಾತಿಗೆ ಸ್ವಲ್ಪ ಧೈರ್ಯವಾಗಿ ನಗಬಹುದು.

ಮಧ್ಯದಲ್ಲಿ ಮನೆ ಮಾತ್ರ ಬದಲಾಯಿಸ್ಬೇಡಿ. ಪೊಲೀಸರು ಬಂದಾಗ ಆ ವಿಳಾಸದಲ್ಲಿ ನೀವಿಲ್ಲ ಅಂದ್ರೆ 'ಅಡ್ವರ್ಸ್', ಅಂದ್ರೆ ನಿಮಗೆ ವಿರುದ್ಧವಾಗಿ, ವರದಿ ಹೋಗುತ್ತೆ, ಆಮೇಲೆ ಪಾಸ್‌ಪೋರ್ಟ್ ಆಫೀಸಿಗೆ ಸಮಜಾಯಿಷಿ ಕೊಟ್ಟು ಮತ್ತೆ ಮೊದಲಿಂದ. ತತ್ಕಾಲ್‌ನವ್ರಿಗೆ ಇದು ಉಲ್ಟಾ, ಪಾಸ್‌ಪೋರ್ಟ್ ಕೈಗೆ ಬಂದ್ಮೇಲೆ ಪೊಲೀಸ್ ಬರೋದೂ ಉಂಟು, ಹೆದರ್ಕೋಬೇಡಿ.

'ಅಂಡರ್ ರಿವ್ಯೂ ಅಟ್ ರೀಜನಲ್ ಪಾಸ್‌ಪೋರ್ಟ್ ಆಫೀಸ್' ಅಂತ ಬಂದ್ರೆ ಸಾಮಾನ್ಯವಾಗಿ ಪೊಲೀಸ್ ಕೆಲಸ ಮುಗೀತು, ಫೈಲ್ ವಾಪಸ್ ಬಂತು ಅಂತ ಅರ್ಥ. ಕರ್ನಾಟಕದವ್ರಿಗೆ ಆ ಆಫೀಸು ಬೆಂಗಳೂರಿನ ಕೋರಮಂಗಲದಲ್ಲಿರೋದು. ಬಹಳ ಜನ ಇಲ್ಲಿ ತಪ್ಪು ತಿಳ್ಕೋತಾರೆ. 2017ರ ಜನವರಿಯಲ್ಲಿ ಮೈಸೂರು ಮತ್ತು ಗುಜರಾತಿನ ದಾಹೋದ್‌ನಲ್ಲಿ ಅಂಚೆ ಕಚೇರಿ ಪಾಸ್‌ಪೋರ್ಟ್ ಕೇಂದ್ರ ಶುರುವಾಯ್ತು, ಈಗ ಎಷ್ಟೋ ಊರಲ್ಲಿದೆ, ಅಲ್ಲೇ ಅರ್ಜಿ ಕೊಟ್ಟಿದ್ದಕ್ಕೆ ಅಲ್ಲೇ ಪಾಸ್‌ಪೋರ್ಟೂ ಕೊಡ್ತಾರೆ ಅಂತ ವಾರಕ್ಕೊಮ್ಮೆ ಹೋಗಿ ನಿಲ್ಲೋರಿದಾರೆ. ಅವ್ರು ಅರ್ಜಿ ತಗೊಳ್ಳೋರಷ್ಟೇ. ರಿವ್ಯೂನಲ್ಲೇ ತುಂಬಾ ದಿನ ಅಂಟ್ಕೊಂಡಿದ್ರೆ ಸೈಟಲ್ಲೇ ಎನ್‌ಕ್ವೈರಿ ಅಪಾಯಿಂಟ್‌ಮೆಂಟ್ ತಗೊಂಡು ಕೋರಮಂಗಲಕ್ಕೆ ಹೋಗಿ.

'ಗ್ರಾಂಟೆಡ್' ಬಂತು ಅಂದ್ರೆ ಮಂಜೂರಾಯ್ತು, ಸ್ವೀಟ್ ತರ್ಬಹುದು. ಆಮೇಲೆ ಪ್ರಿಂಟು, ಆಮೇಲೆ 'ಡಿಸ್‌ಪ್ಯಾಚ್ಡ್', ಅದರ ಜೊತೆ ಒಂದು ಸ್ಪೀಡ್ ಪೋಸ್ಟ್ ನಂಬರ್, 13 ಅಕ್ಷರದ್ದು, ಮೊದ್ಲು ಎರಡು ಇಂಗ್ಲಿಷ್ ಅಕ್ಷರ, ಒಂಬತ್ತು ಅಂಕಿ, ಕೊನೇಲಿ 'ಐಎನ್'. ಇನ್ಮೇಲೆ ಪಾಸ್‌ಪೋರ್ಟ್ ಸೈಟ್ ಬಿಟ್ಟು ಇಂಡಿಯಾ ಪೋಸ್ಟ್ ಸೈಟಲ್ಲಿ ಆ ನಂಬರ್ ಹಾಕಿ ನೋಡಿ. ಈ ಹೊತ್ತಲ್ಲೇ "ನಿಮ್ಮ ವಿಳಾಸ ಅಪೂರ್ಣ, ಈ ಲಿಂಕ್ ಒತ್ತಿ 25 ರೂಪಾಯಿ ಕಟ್ಟಿ" ಅನ್ನೋ ಥರ ಮೆಸೇಜ್ ಬಂದ್ರೆ ಅದು ಮೋಸ, ಡಿಲೀಟ್ ಮಾಡಿ.

ದೊಡ್ಡಮ್ಮನ ಪಾಸ್‌ಪೋರ್ಟ್ ಬರೋ ದಿನ ಅವ್ರು ಮನೆಗೆ ಬೀಗ ಹಾಕ್ಕೊಂಡು ಯಾರದ್ದೋ ಗೃಹಪ್ರವೇಶಕ್ಕೆ ಹೋಗಿದ್ರು. ಒಂದು ತಿಂಗಳು ಕಾದಿದ್ದೇನು, ಹೋಗಿದ್ದೇನು. ಪೋಸ್ಟ್‌ಮ್ಯಾನ್ ಗುರುತಿನ ಚೀಟಿ ನೋಡಿ ಅರ್ಜಿದಾರರ ಕೈಗೇ ಕೊಡೋದು, ಗೇಟಿಗೆ ಸಿಗಿಸಿ ಹೋಗಲ್ಲ. ಹಾಗಾದಾಗ ಮಾರನೇ ದಿನವೇ ಆಧಾರ್ ಮತ್ತು ಸ್ಪೀಡ್ ಪೋಸ್ಟ್ ನಂಬರ್ ತಗೊಂಡು ನಿಮ್ಮ ಡೆಲಿವರಿ ಪೋಸ್ಟ್ ಆಫೀಸಿಗೆ ಹೋಗಿ, ಕವರ್ ಅಲ್ಲೇ ಇರುತ್ತೆ. ಬಿಟ್ಟರೆ ಅದು ಪಾಸ್‌ಪೋರ್ಟ್ ಆಫೀಸಿಗೆ ವಾಪಸ್ ಹೋಗುತ್ತೆ, ಆಮೇಲೆ ಅದನ್ನ ಬಿಡಿಸ್ಕೊಂಡು ಬರೋದು ಬೇರೆನೇ ಒಂದು ಪಾಡು. ದೊಡ್ಡಮ್ಮ ಸೀರೆ ಬದಲಾಯಿಸೋಕೂ ಕಾಯದೆ ಆಟೋ ಹತ್ತಿದ್ರು.

ಕೈಗೆ ಬಂದ ತಕ್ಷಣ ಹೆಸರಿನ ಒಂದೊಂದು ಅಕ್ಷರ, ಹುಟ್ಟಿದ ತಾರೀಖು, ಊರು, ಕೊನೇ ಪುಟದಲ್ಲಿರೋ ಅಪ್ಪ ಅಮ್ಮನ ಹೆಸರು, ವಿಳಾಸ ಎಲ್ಲಾ ಓದಿ. ಕೊಲ್ಲಿ ದೇಶಕ್ಕೆ ಕೆಲಸಕ್ಕೆ ಹೊರಟೋರು ಇಸಿಆರ್ (ಎಮಿಗ್ರೇಷನ್ ಚೆಕ್ ರಿಕ್ವೈರ್ಡ್, ಅಂದ್ರೆ ಕೆಲಸಕ್ಕೆ ಹೊರದೇಶಕ್ಕೆ ಹೋಗೋ ಮೊದ್ಲು ಸರ್ಕಾರದ ಅನುಮತಿ ಬೇಕು) ಅಂತ ಬಿದ್ದಿದೆಯಾ ನೋಡ್ಕೊಳ್ಳಿ, ಹತ್ತನೇ ಕ್ಲಾಸ್ ಪಾಸಾಗಿ ಸರ್ಟಿಫಿಕೇಟ್ ಕೊಟ್ಟಿದ್ರೆ ಅದು ಇರಬಾರ್ದು. ತಪ್ಪಿದ್ರೆ ವೀಸಾಗೆ ಹಾಕೋ ಮೊದ್ಲೇ ಪಾಸ್‌ಪೋರ್ಟ್ ಆಫೀಸಿಗೆ ಹೇಳಿ. ಇನ್ನು ರಿನ್ಯೂವಲ್ ಮಾಡಿಸಿದೋರು ಹಳೇ ಪುಸ್ತಕ ಎಸೀಬೇಡಿ, ಅದರಲ್ಲಿ ವ್ಯಾಲಿಡ್ ವೀಸಾ ಇದ್ರೆ ಹಳೇದು ಹೊಸದು ಎರಡನ್ನೂ ರಬ್ಬರ್ ಬ್ಯಾಂಡ್ ಹಾಕಿ ಒಟ್ಟಿಗೇ ಇಟ್ಕೊಳ್ಳಿ.